ಮೂರು ಬಾಯಿ, ಒಂದು ಹೆಸರು

"ಅರ್ಥ ಏನು?" ಎಂದು ಹೆಡ್‌ಮಿಸ್ ಕೇಳಿದಾಗ ಎದುರಿಗಿದ್ದ ನಾಲ್ವರಲ್ಲಿ ಮೂವರು ತಮ್ಮ ತಮ್ಮ ಕಾಫಿ ಲೋಟದೊಳಗೆ ಇಣುಕಿದರು. ನಾಲ್ಕನೆಯವಳು ಎರಡು ತಿಂಗಳ ಕೂಸು. ಇಣುಕಲು ಲೋಟವಿಲ್ಲದ್ದರಿಂದ ಅವಳು ಫ್ಯಾನನ್ನೇ ನೋಡುತ್ತ ಮಲಗಿದ್ದಳು.

ಹೆಡ್‌ಮಿಸ್ ಎಂದರೆ ಕೂಸಿನ ಅಪ್ಪನ ತಾಯಿ. ಹೈಸ್ಕೂಲಿನಲ್ಲಿ ಮುಖ್ಯೋಪಾಧ್ಯಾಯಿನಿಯಾಗಿದ್ದು ನಿವೃತ್ತರಾದವರು. ಕೆಲಸ ಬಿಟ್ಟು ಎಂಟು ವರ್ಷವಾಗಿದ್ದರೂ ಅವರು ಬಾಗಿಲಲ್ಲಿ ಕಾಣಿಸಿಕೊಂಡರೆ ಸೋಫಾದ ಮೇಲೆ ಒರಗಿದವರ ಬೆನ್ನು ತಾನಾಗಿ ನೆಟ್ಟಗಾಗುತ್ತಿತ್ತು. ಹೆತ್ತ ಮಗನೇ ಬೆನ್ನ ಹಿಂದೆ ಅವರನ್ನು ಹೆಡ್‌ಮಿಸ್ ಎನ್ನುತ್ತಿದ್ದ. ಅದು ಅವರಿಗೂ ಗೊತ್ತಿತ್ತು; ಒಳಗೊಳಗೇ ಖುಷಿಯೂ ಇತ್ತು.

ಪ್ರಶ್ನೆ ಕೂಸಿನ ಹೆಸರಿನದು. ಅಪ್ಪ ಅಮ್ಮ ಸೇರಿ ಆರಿಸಿದ್ದ ಹೆಸರು ಲಿಯೂರಿ. ಹೆಡ್‌ಮಿಸ್ ಇಲ್ಲಿಯವರೆಗೆ ಒಂದು ಸಲವೂ ಆ ಹೆಸರನ್ನು ಬಾಯಿಂದ ಹೊರಡಿಸಿರಲಿಲ್ಲ. ಮಗುವಿಗೆ 'ಪಾಪು' ಎನ್ನುತ್ತಿದ್ದರು, ಹೆಸರಿಗೆ 'ಅದು' ಎನ್ನುತ್ತಿದ್ದರು.

"ಅದು ಕೇಳೋಕೆ ಏನೋ ಲಾರಿ ಹಾರ್ನ್ ಹೊಡೆದ ಹಾಗೆ ಜೋರಾಗೇ ಇದೆ," ಎಂದರು. "ನಾನೂ ಇಪ್ಪತ್ತೆಂಟು ವರ್ಷ ಹಾಜರಿ ಕೂಗಿದ್ದೀನಿ. ಮೊದಮೊದಲು ಮಕ್ಕಳ ಹೆಸರಿಗೆ ಅರ್ಥ ಇರ್ತಿತ್ತು, ಮಕ್ಕಳಿಗೆ ಬುದ್ಧಿ ಇರ್ತಿರಲಿಲ್ಲ. ಬರ್ತಾ ಬರ್ತಾ ಮಕ್ಕಳಿಗೆ ಬುದ್ಧಿ ಬಂತು, ಹೆಸರಿಂದ ಅರ್ಥ ಹೋಯ್ತು. ಶುಕ್ರವಾರ ಇವನು ನೋಂದಣಿ ಕಚೇರಿಗೆ ಫಾರ್ಮ್ ಕೊಡಬೇಕು. ಅಷ್ಟರೊಳಗೆ ಅರ್ಥ ಹೇಳಿ, ನಾನು ಬಾಯಿ ಮುಚ್ಕೊಂಡು ಇರ್ತೀನಿ. ಇಲ್ಲಾಂದ್ರೆ ನಾನು ಹೇಳಿದ ಹೆಸರು. ಅದಕ್ಕೆ ಮೂರು ಅರ್ಥ ಇದೆ."

"ಒಂದಿದ್ರೆ ಸಾಲ್ದಾ ಅಮ್ಮ?" ಎಂದ ಮಗ.

"ಇನ್ನೆರಡು ಇರಲಿ. ನಿನ್ನಂಥವರು ಒಂದನ್ನ ಕಳೆದುಹಾಕ್ತೀರ."

ಆಮೇಲೆ ಅವರು ಮೂಲೆಯ ಕುರ್ಚಿಯಲ್ಲಿ ಸದ್ದಿಲ್ಲದೆ ಕೂತಿದ್ದ ಬೀಗಿತ್ತಿಯ ಕಡೆ ತಿರುಗಿದರು. "ಬೀಗರೇ, ಮೂವತ್ತು ವರ್ಷ ನಿಘಂಟಿನ ಕಚೇರಿಯಲ್ಲಿ ಇದ್ದೋರು ನೀವು. ನೀವೇ ಹೇಳಿಬಿಡಿ. ನೀವು ಹೇಳಿದ್ದಕ್ಕೆ ನಾನು ಎದುರು ಮಾತಾಡಲ್ಲ."

ಮೂಲೆಯಲ್ಲಿದ್ದ ಬೀಗಿತ್ತಿ ಚೀಟಿಯಮ್ಮನಿಗೆ ಕಾಫಿ ನೆತ್ತಿಗೇರಿತು. ಮಗಳು ಎದ್ದು ಬಂದು ತಾಯಿಯ ಬೆನ್ನು ತಟ್ಟಿದಳು. ತಟ್ಟಿದ್ದು ಸ್ವಲ್ಪ ಜೋರಾಗಿಯೇ ಇತ್ತು. ಅದಕ್ಕೆ ಕಾರಣವೂ ಇತ್ತು.

ಆ ಹೆಸರನ್ನು ಮೊದಲ ಸಲ ಕೇಳಿದ ದಿನ ಚೀಟಿಯಮ್ಮ, "ಬಟ್ಟೆ ಸೋಪಿನ ಹೆಸರಿದ್ದ ಹಾಗಿದೆಯಲ್ಲೇ. ಕೊಂಡ್ರೆ ಬಕೆಟ್ಟು ಫ್ರೀನಾ?" ಎಂದುಬಿಟ್ಟಿದ್ದರು. ತಮಾಷೆಗೆ ಅಂದದ್ದು. ಮಗಳು ನಗಲಿಲ್ಲ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ನಾಲ್ಕು ದಿನ ಮಗಳಿಂದ ಫೋನ್ ಬರಲಿಲ್ಲ. ಐದನೆಯ ದಿನ ಬಂದದ್ದೂ ಕೂಸಿನ ಟೋಪಿ ಎಲ್ಲಿಟ್ಟಿದ್ದೀಯ ಎಂದು ಕೇಳಲು. ಎಂದೂ ಮುನಿಸಿಕೊಳ್ಳದ ಹುಡುಗಿ ಒಂದು ಹೆಸರಿಗಾಗಿ ಇಷ್ಟು ಮುನಿಸಿಕೊಂಡಳಲ್ಲ ಎಂದು ಚೀಟಿಯಮ್ಮ ಅಂದಿನಿಂದ ಯೋಚಿಸುತ್ತಲೇ ಇದ್ದರು. ಈಗ ಹೆಸರು ಉಳಿಯುವುದೂ ಹೋಗುವುದೂ ತಮ್ಮ ಬಾಯಿಯ ಮೇಲೆ ನಿಂತಿದೆ. ಬಿಸಿ ತುಪ್ಪ; ಉಗುಳುವ ಹಾಗಿಲ್ಲ, ನುಂಗುವ ಹಾಗಿಲ್ಲ.

"ಗುರುವಾರ ಹೇಳ್ತೀನಿ," ಎಂದರು.

ಚೀಟಿಯಮ್ಮ ಎಂಬುದು ಕಚೇರಿಯಲ್ಲಿ ಬಿದ್ದ ಅಡ್ಡಹೆಸರು. ದೊಡ್ಡ ನಿಘಂಟಿನ ಕಚೇರಿಯೆಂದರೆ ಉದ್ದನೆಯ ಒಂದು ಕೋಣೆ, ಗೋಡೆಯ ತುಂಬ ಸಣ್ಣ ಸಣ್ಣ ಮರದ ಖಾನೆಗಳು, ಖಾನೆಗಳ ತುಂಬ ಅಂಗೈಯಗಲದ ಚೀಟಿಗಳು. ಚೀಟಿಯ ಎಡ ಮೂಲೆಯಲ್ಲಿ ಪದ, ನಡುವೆ ಆ ಪದ ಬಂದ ಪೂರ್ತಿ ವಾಕ್ಯ, ಕೆಳಗೆ ಯಾರ ಬಾಯಿಂದ, ಎಲ್ಲಿ, ಯಾವಾಗ. ಪೆನ್ಸಿಲಿನಲ್ಲೇ ಬರೆಯಬೇಕು. ಅಲ್ಲಿಯ ಸಂಪಾದಕರಿಗೆ ಒಂದೇ ಒಂದು ಹಟ: ಮೂರು ಬಾಯಿ. ಒಬ್ಬರನ್ನೊಬ್ಬರು ಅರಿಯದ ಮೂವರು, ಯಾರೂ ಕೇಳದೆ, ತಾವಾಗಿ, ಒಂದೇ ಅರ್ಥದಲ್ಲಿ ಒಂದು ಪದವನ್ನು ಆಡಿದರೆ ಅದು ಪದ. ಅಲ್ಲಿಯವರೆಗೆ ಅದು ಬರೀ ಸದ್ದು. ಕಚೇರಿಯವರ ಬಾಯಿ ಲೆಕ್ಕಕ್ಕಿಲ್ಲ. ಕೇಳಿ ಹೇಳಿಸಿದ್ದೂ ಲೆಕ್ಕಕ್ಕಿಲ್ಲ. "ಅರ್ಥ ಕೊಡೋಕೆ ನಾವ್ಯಾರಮ್ಮ? ಜನ ಕೊಟ್ಟದ್ದನ್ನ ಬರ್ಕೊಳ್ಳೋ ಗುಮಾಸ್ತರು," ಎಂದು ಅವರು ಕನ್ನಡಕ ಒರೆಸಿಕೊಳ್ಳುತ್ತ ಹೇಳುತ್ತಿದ್ದರು. ಚೀಟಿಯಮ್ಮ ಬಸ್ಸಿನಲ್ಲಿ, ತರಕಾರಿ ಅಂಗಡಿಯಲ್ಲಿ, ಹಲ್ಲಿನ ಡಾಕ್ಟರ ಕುರ್ಚಿಯಲ್ಲಿ ಬಾಯಿ ತೆರೆದುಕೊಂಡಿದ್ದಾಗಲೂ ಚೀಟಿ ಬರೆದವರು. ಕೈಚೀಲದಲ್ಲಿ ಬೇರೆಯವರು ಬಾಚಣಿಗೆ ಇಟ್ಟುಕೊಳ್ಳುವಂತೆ ಅವರು ಇಂದಿಗೂ ಖಾಲಿ ಚೀಟಿಗಳ ಒಂದು ತಗಡಿನ ಡಬ್ಬಿ ಇಟ್ಟುಕೊಳ್ಳುತ್ತಿದ್ದರು.

ಇಷ್ಟು ನೇಮದ ಹೆಂಗಸು ಜೀವಮಾನದಲ್ಲಿ ಒಂದೇ ಒಂದು ಸಲ ತಪ್ಪು ಮಾಡಿದ್ದರು. ನಿಘಂಟಿನ ಆರುನೂರ ಹನ್ನೆರಡನೆಯ ಪುಟ. ಅಲ್ಲೊಂದು ಅಪರೂಪದ ಪದ. ಅದರ ಚೀಟಿಗಳು ಎಲ್ಲೋ ಕಳೆದುಹೋಗಿದ್ದವು, ಸಂಪಾದಕರು ರಜೆಯಲ್ಲಿದ್ದರು, ಮುದ್ರಣಾಲಯದವನು ಬಾಗಿಲಲ್ಲಿ ಸೈಕಲ್ ಗಂಟೆ ಬಾರಿಸುತ್ತ ನಿಂತಿದ್ದ. ಶನಿವಾರ ಮಧ್ಯಾಹ್ನ ಬೇರೆ. ಚೀಟಿಯಮ್ಮ ಕಿಟಕಿಯಿಂದಾಚೆ ಒಮ್ಮೆ ನೋಡಿ, 'ಬೆಳಗಿನ ಮೊದಲ ಬೆಳಕು' ಎಂದು ಬರೆದು ಕೊಟ್ಟುಬಿಟ್ಟರು. ತಲೆಯೊಳಗಿಂದ ಬಂದ ಅರ್ಥ. ಒಂದು ಬಾಯಿಯೂ ಇಲ್ಲ.

ಅದು ಹಾಗೇ ಮರೆತುಹೋಗಬಹುದಿತ್ತು. ಆದರೆ ಮಗಳ ಮದುವೆಯ ಮಾತುಕತೆಗೆ ಕೂತ ದಿನ ಹುಡುಗನ ತಾಯಿ ತಮ್ಮ ಪರಿಚಯ ಹೇಳಿಕೊಂಡರು: "ನನ್ನ ಹೆಸರು ಅಪರೂಪದ್ದು. ದೊಡ್ಡ ನಿಘಂಟಲ್ಲೇ ಇದೆ. ಆರುನೂರ ಹನ್ನೆರಡನೇ ಪುಟ."

ಆ ಹೆಸರು ಯಾವುದೆಂದು ಇಲ್ಲಿ ಬರೆಯುವ ಹಾಗಿಲ್ಲ. ಬರೆದರೆ ಯಾರಾದರೂ ಎದ್ದುಹೋಗಿ ಪುಟ ತೆಗೆದು ನೋಡಿಯಾರು. ಹೆಡ್‌ಮಿಸ್ ಎಂದೇ ಇರಲಿ. ಅಂದು ಚೀಟಿಯಮ್ಮನ ಕೈಯಲ್ಲಿದ್ದ ಬಿಸ್ಕತ್ತು ಚಹಾದೊಳಗೆ ಮುಳುಗಿಹೋಯಿತು. ಮಾತುಕತೆ ಮುಗಿಯುವವರೆಗೂ ಅವರಿಗೆ ಅದನ್ನು ಮೇಲೆತ್ತುವ ಧೈರ್ಯ ಬರಲಿಲ್ಲ. ಸದ್ಯ, ಬಿಸ್ಕತ್ತು ಮುಳುಗಿದ್ದನ್ನು ಕಂಡ ಹುಡುಗ ಯಾರಿಗೂ ಕಾಣದಂತೆ ಲೋಟ ಬದಲಿಸಿಕೊಟ್ಟ. ಮಗಳಿಗೆ ಇವನೇ ಸರಿ ಎಂದು ಚೀಟಿಯಮ್ಮ ಒಪ್ಪಿಕೊಂಡದ್ದು ಆ ಲೋಟದಿಂದಲೇ.

ಮಂಗಳವಾರ ಅದೇ ಅಳಿಯ ಬಟ್ಟೆ ಮಡಚುತ್ತ ಒಂದು ಉಪಾಯ ಹೇಳಿದ.

"ಅತ್ತೆ, ಯಾವುದಾದ್ರೂ ಹಳೇ ಭಾಷೆ ಹೆಸರು ಹೇಳಿ, ಅದರಲ್ಲಿ 'ಬೆಳಕು' ಅಂತ ಅರ್ಥ ಅಂದ್ಬಿಡಿ. ಮುಗೀತು. ಇಂಟರ್‌ನೆಟ್‌ನಲ್ಲಿ ನೋಡಿ, ಅರ್ಥ ಗೊತ್ತಿಲ್ಲದ ಹೆಸರಿಗೆಲ್ಲ 'ಬೆಳಕು' ಅಂತಾನೇ ಹಾಕಿರ್ತಾರೆ. ಗಂಡಾದ್ರೆ 'ಬೆಳಕಿನ ಒಡೆಯ'."

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ ಚೀಟಿಯಮ್ಮ ಬೆಚ್ಚಿದರು. "ಬೆಳಕಿನ ಸುದ್ದಿಗೆ ಮಾತ್ರ ಬರಬೇಡಪ್ಪ," ಎಂದರು. "ಸುಳ್ಳು ಅರ್ಥ ಹೇಳಿದ್ರೆ ಅದು ಸುಮ್ನೆ ಇರಲ್ಲ. ಒಂದಿನ ಮನೆಗೇ ಬಂದು ಕಾಫಿ ಕೇಳುತ್ತೆ."

ಅಳಿಯನಿಗೆ ಅರ್ಥವಾಗಲಿಲ್ಲ. ಅರ್ಥವಾಗದಿದ್ದರೆ ಬಟ್ಟೆ ಮಡಚುವುದು ಅವನ ಕ್ರಮ, ಮಡಚಿದ.

ಚೀಟಿಯಮ್ಮ ಮಗಳ ಪಕ್ಕ ಹೋಗಿ ಕೂತರು. "ಸೋಪಿನ ಮಾತು ತಪ್ಪಾಯ್ತು ಕಣೇ," ಎಂದರು.

ಮಗಳು ಕೂಸಿನ ಕಾಲುಚೀಲ ಹುಡುಕುತ್ತಿದ್ದಳು. ಎರಡು ತಿಂಗಳ ಮಕ್ಕಳ ಕಾಲುಚೀಲಗಳು ಹುಡುಕುವುದಕ್ಕಾಗಿಯೇ ಇರುವ ವಸ್ತುಗಳು. "ಬಕೆಟ್ಟಿನ ಮಾತು?"

"ಅದೂ ತಪ್ಪಾಯ್ತು. ಈಗ ನಿಜ ಹೇಳು. ಎಲ್ಲಿಂದ ತಂದೆ ಈ ಹೆಸರು?"

ಮಗಳು ಹುಡುಕುವುದನ್ನು ಬಿಟ್ಟಳು. "ಆಸ್ಪತ್ರೆಯಿಂದ. ಇವಳು ಗಾಜಿನ ಪೆಟ್ಟಿಗೇಲಿ ಇದ್ಲಲ್ಲ ಹನ್ನೊಂದು ದಿನ. ನಿನಗೆ ಕಣ್ಣಿನ ಆಪರೇಷನ್ ಆಗಿತ್ತು, ನೀನು ಬರೋ ಹಾಗಿರಲಿಲ್ಲ. ನಾನು ಹೊರಗಿನ ಬೆಂಚಿನ ಮೇಲೆ ಕೂತಿರ್ತಿದ್ದೆ. ಒಳಗೆ ಬಿಡ್ತಿರಲಿಲ್ಲ, ಎದ್ದು ಹೋಗೋಕೂ ಮನಸ್ಸಾಗ್ತಿರಲಿಲ್ಲ. ನೆಲ ಒರೆಸೋ ಆಯಾ ಒಬ್ರು ಬರೋರು. ದೂರದಿಂದಲೇ 'ಲಿಯೂರೀ... ಲಿಯೂರೀ...' ಅಂತ ಹೇಳ್ತಾ ಬರೋರು. ಅದು ಕೇಳಿಸಿದ ತಕ್ಷಣ ಒಳಗೆ ಅಳೋ ಮಕ್ಕಳು ಸುಮ್ಮನಾಗೋವು, ಅಮ್ಮ. ಸುಳ್ಳಲ್ಲ. ನಾನೂ ಸುಮ್ಮನಾಗ್ತಿದ್ದೆ."

"ಏನು ಹಾಗಂದ್ರೆ ಅಂತ ಕೇಳಲಿಲ್ವಾ?"

"ಕೇಳಿದ್ರೆ ಏನಾದ್ರೂ ಆಗಿಬಿಡುತ್ತೇನೋ ಅನ್ನಿಸ್ತು. ನಡೀತಾ ಇರೋದು ನಡೀಲಿ ಅಂತ ಬಿಟ್ಟೆ."

ಚೀಟಿಯಮ್ಮ ಕಾಲುಚೀಲ ಹುಡುಕಿಕೊಟ್ಟರು. ಅದು ಅವರ ಸೆರಗಿಗೇ ಅಂಟಿಕೊಂಡಿತ್ತು.

ಬುಧವಾರ ಬೆಳಿಗ್ಗೆ ಬಸ್ಸು ಹತ್ತಿ ಆಸ್ಪತ್ರೆಗೆ ಹೋದರು. ಪದ ಹುಟ್ಟಿದ ಜಾಗ ನೋಡದೆ ಚೀಟಿ ಬರೆದರೆ ಸಂಪಾದಕರು ಬಯ್ಯುತ್ತಿದ್ದರು. ಸಂಪಾದಕರು ತೀರಿಕೊಂಡು ಹದಿನೈದು ವರ್ಷವಾಗಿತ್ತು; ಆದರೂ ಭಯ ಭಯವೇ. ಮೂರನೆಯ ಮಹಡಿಯಲ್ಲಿ ಉದ್ದನೆಯ ಹಾದಿ, ಒಂದು ಕಡೆ ದೊಡ್ಡ ಗಾಜು, ಗಾಜಿನಾಚೆ ಸಣ್ಣ ಸಣ್ಣ ಪೆಟ್ಟಿಗೆಗಳಲ್ಲಿ ಅಂಗೈಯಷ್ಟು ಮಕ್ಕಳು. ಗಾಜಿನೆದುರು ಒಂದು ಬೆಂಚು. ಬೆಂಚಿನ ಮೇಲೆ ಒಬ್ಬ ಯುವಕ ಅಂಗಿಯ ಗುಂಡಿಯನ್ನು ತಪ್ಪು ಕಾಜಿಗೆ ಹಾಕಿಕೊಂಡು ಕೂತಿದ್ದ, ಅವನ ಭುಜಕ್ಕೊರಗಿ ಹೆಂಡತಿ. ಬೆಂಚು ಗೋಡೆಯ ಕಡೆಯಿಂದ ಗಾಜಿನ ಹತ್ತಿರಕ್ಕೆ ಯಾರೋ ಎಳೆದಂತೆ ನೆಲದ ಮೇಲೆ ಎರಡು ಗೀರುಗಳಿದ್ದವು.

ಚೀಟಿಯಮ್ಮ ಬೆಂಚಿನ ತುದಿಯಲ್ಲಿ ಕೂತು ಕೈಚೀಲ ಮಡಿಲಲ್ಲಿಟ್ಟುಕೊಂಡರು. ಒಳಗೆ ಒಂದು ಮಗು ಅಳತೊಡಗಿತು. ಗಾಜಿನಿಂದಾಗಿ ಅಳು ಇರುವೆಯಷ್ಟೇ ಕೇಳುತ್ತಿತ್ತು. ಆ ಹೆಣ್ಣುಮಗಳು ತಲೆ ಎತ್ತಿದಳು. ಅಷ್ಟರಲ್ಲಿ ಹಾದಿಯ ತಿರುವಿನಾಚೆಯಿಂದ ಸದ್ದು ಬಂತು. ಲಿಯೂ... ರೀ. ಲಿಯೂ... ರೀ.

"ಲಿಯೂರಿ ಬಂತು ಕಣೇ," ಎಂದ ಯುವಕ ಹೆಂಡತಿಗೆ. "ಇನ್ನು ನೋಡ್ಕೊಳ್ತಾರೆ. ನೀನು ಒಂದು ತುತ್ತು ತಿನ್ನು."

ಚೀಟಿಯಮ್ಮನ ಕೈ ತಾನಾಗಿ ಡಬ್ಬಿಗೆ ಹೋಯಿತು. ಯಾರೂ ಕೇಳದೆ ಆಡಿದ ಮಾತು. ಒಂದು ಬಾಯಿ.

ತಿರುವಿನಿಂದ ಹೊರಬಿದ್ದದ್ದು ಒಂದು ಗಾಡಿ. ಕೆಂಪು ಬಕೆಟ್ಟು, ನೀಲಿ ಬಕೆಟ್ಟು, ನಡುವೆ ಒರೆಸುವ ಕೋಲು. ಬಕೆಟ್ಟು ಕಂಡು ಚೀಟಿಯಮ್ಮನಿಗೆ ತಮ್ಮ ಸೋಪಿನ ಮಾತು ನೆನಪಾಗಿ ಕಿವಿ ಬಿಸಿಯಾಯಿತು. ಗಾಡಿಯ ಹಿಂದೆ ಗಿಡ್ಡನೆಯ, ಗಟ್ಟಿಮುಟ್ಟಾದ ಆಯಾ. ಅವರ ತುಟಿ ಅಲುಗುತ್ತಲೇ ಇರಲಿಲ್ಲ. ಸದ್ದು ಮಾಡುತ್ತಿದ್ದುದು ಗಾಡಿಯ ಮುಂದಿನ ಎಡ ಚಕ್ರ.

ಆಯಾ ಗಾಡಿ ನಿಲ್ಲಿಸಿ, ಕೈ ತೊಳೆದು, ಗಾಜಿನ ಬಾಗಿಲ ಹತ್ತಿರ ಹೋಗಿ ನರ್ಸಿಗೆ ಅಳುವ ಮಗುವಿನ ಕಡೆ ಕೈ ಮಾಡಿದರು; ಪರದೆ ಸ್ವಲ್ಪ ಎಳೆದು ಅದರ ಮುಖಕ್ಕೆ ಬಿಸಿಲು ಬೀಳದಂತೆ ಮಾಡಿದರು. ಗಾಡಿ ನಿಂತದ್ದರಿಂದ ಸದ್ದೂ ನಿಂತಿತ್ತು. ಇನ್ನೊಂದು ಮೂಲೆಯ ಮಗು ರಾಗ ತೆಗೆಯಿತು. ಆಗ ಆಯಾ ಬಾಗಿಲ ಸಂದಿಗೆ ಬಾಯಿಟ್ಟು, ಥೇಟ್ ಚಕ್ರದ ಹಾಗೆಯೇ ಹೇಳಿದರು: "ಲಿಯೂರೀ... ಲಿಯೂರೀ... ಬಂದೆ ಬಂದೆ, ಎಲ್ಲಿಗೂ ಹೋಗಿಲ್ಲ."

ಎರಡು ಬಾಯಿ. ಆದರೆ ಇವರಿಬ್ಬರೂ ಒಂದೇ ಹಾದಿಯವರು. ಸಂಪಾದಕರು ಬದುಕಿದ್ದರೆ ಒಂದೂವರೆ ಎನ್ನುತ್ತಿದ್ದರು.

ಚೀಟಿಯಮ್ಮ ಎದ್ದುಹೋಗಿ ಪರಿಚಯ ಹೇಳಿಕೊಂಡರು. ಹನ್ನೊಂದು ದಿನ ಇದೇ ಬೆಂಚಿನಲ್ಲಿ ಕೂತಿದ್ದ ಹುಡುಗಿಯ ತಾಯಿ ಎಂದರು. ಮೊಮ್ಮಗಳಿಗೆ ಇಟ್ಟಿರುವ ಹೆಸರನ್ನೂ ಹೇಳಿದರು.

ಆಯಾ ಒರೆಸುವ ಕೋಲಿಗೆ ಒರಗಿ ನಗತೊಡಗಿದರು. ಬಾಯಿಗೆ ಕೈ ಅಡ್ಡ ಇಟ್ಟರೂ ನಗು ಭುಜದಿಂದ ಹೊರಬರುತ್ತಿತ್ತು. "ಅಯ್ಯೋ ಅಮ್ಮಾ! ಚಿನ್ನದಂಥ ಮಗೂಗೆ ನನ್ನ ಗಾಡಿ ಚಕ್ರದ ಹೆಸರಾ? ಅದು ಪದ ಅಲ್ಲಮ್ಮ, ಇವನ ಗೋಳು," ಎಂದು ಚಕ್ರಕ್ಕೆ ಚಪ್ಪಲಿಯ ತುದಿಯಿಂದ ತಟ್ಟಿದರು. "ಒಳಗಿರೋ ಕೂಸುಗಳಿಗೆ ಇನ್ನೇನು ಗೊತ್ತು? ಈ ಸದ್ದು ಬಂದ ಮೇಲೆ ಯಾರೋ ಬರ್ತಾರೆ, ಪರದೆ ಎಳೀತಾರೆ, ನರ್ಸಮ್ಮನ್ನ ಕರೀತಾರೆ. ಅಷ್ಟು ಅರ್ಥ ಆಗುತ್ತೆ. ಸುಮ್ಮನಾಗ್ತವೆ."

"ಮತ್ತೆ ನೀವು ಯಾಕೆ ಬಾಯಲ್ಲಿ ಹೇಳ್ತೀರಿ?"

"ಅದೊಂದು ಕತೆ. ಎರಡು ತಿಂಗಳ ಹಿಂದೆ ಯಾರೋ ಒಬ್ರು ದೂರು ಬರೆದುಕೊಟ್ರು. 'ಮೂರನೇ ಮಹಡಿ ಗಾಡಿಯ ಕರ್ಕಶ ಶಬ್ದದಿಂದ ರೋಗಿಗಳಿಗೆ ತೊಂದರೆ' ಅಂತ, ಎರಡು ಪುಟ, ಒಂದು ತಪ್ಪಿಲ್ಲ. ಮೇಲ್ವಿಚಾರಕರು ಓದಿ ಹೇಳಿದ್ರು, ಕೊನೇಲಿ ಗೆರೆ ಬೇರೆ ಎಳೆದಿದ್ರಂತೆ. ಎಣ್ಣೆ ಹಾಕಿಸಿಬಿಟ್ರು. ಚಕ್ರ ಬೆಣ್ಣೆ ಹಾಗಾಯ್ತು. ಎರಡೇ ದಿನಕ್ಕೆ ಒಳಗೆ ಎಲ್ಲ ಮಕ್ಕಳೂ ಅಳೋದಕ್ಕೆ ಶುರು. ನಾನು ಬಂದಿದ್ದೇ ಗೊತ್ತಾಗ್ತಿರಲಿಲ್ಲ ಅವಕ್ಕೆ. ಏನು ಮಾಡೋದು? ಚಕ್ರ ಮೂಕಾಯ್ತು, ನಾನೇ ಚಕ್ರ ಆದೆ. ಬಾಯಲ್ಲೇ ಹೇಳ್ಕೊಂಡು ಬಂದೆ. ಆಮೇಲೆ ಎಣ್ಣೆ ಆರಿತು, ಇವನೂ ಶುರು ಹಚ್ಕೊಂಡ. ಆದ್ರೆ ನನಗೆ ಅಭ್ಯಾಸ ಆಗೋಯ್ತು. ಬೆಂಚಿನೋರಿಗೂ ಅಭ್ಯಾಸ ಆಗೋಯ್ತು."

ಎರಡು ಪುಟ. ಒಂದು ತಪ್ಪಿಲ್ಲ. ಕೊನೆಗೆ ಗೆರೆ.

ಚೀಟಿಯಮ್ಮನಿಗೆ ಅನುಮಾನವೇ ಉಳಿಯಲಿಲ್ಲ. ಗೆರೆ ಎಳೆದು ದೂರು ಬರೆಯುವವರು ಈ ಊರಿನಲ್ಲಿ ಇಬ್ಬರಿದ್ದರೆ ಅದು ಊರಿಗೇ ಅಪಾಯ. ಹೊರಡುವಾಗ, "ಬೆಂಚು ಎಳೆದದ್ದು ನೀವೇನಾ?" ಎಂದು ಕೇಳಿದರು. ಆಯಾ ನೆಲದ ಗೀರುಗಳನ್ನು ನೋಡಿ, "ಎಷ್ಟು ಒರೆಸಿದ್ರೂ ಹೋಗಲ್ಲಮ್ಮ ಇವು," ಎಂದರು, ಅಷ್ಟೇ.

ಗುರುವಾರ ಸಂಜೆ ನಾಲ್ಕು ಗಂಟೆಗೆ ಹೆಡ್‌ಮಿಸ್ ಬಂದರು. ನಾಲ್ಕು ಎಂದರೆ ನಾಲ್ಕೇ. ತಗ್ಗಿನ ಸೋಫಾದ ಮೇಲೆ ಕೂತರು. ಅವರ ಮಂಡಿನೋವಿಗೆ ಆ ಸೋಫಾ ಆಗಿಬರುತ್ತಿರಲಿಲ್ಲ. ಕೂರುವುದು ಸುಲಭ, ಏಳಬೇಕೆಂದರೆ ಎರಡು ಸಲ ಹಿಂದೆ ಮುಂದೆ ತೂಗಿಕೊಳ್ಳಬೇಕು. ಆದರೂ ಸೊಸೆ ಕುರ್ಚಿ ತಂದರೆ ಬೇಡವೆನ್ನುತ್ತಿದ್ದರು, ಯಾಕೆಂದರೆ ಆ ಮನೆಯಲ್ಲಿ ಇದ್ದುದು ಒಂದೇ ಒಳ್ಳೆಯ ಕುರ್ಚಿ, ಅದರಲ್ಲಿ ಬೀಗಿತ್ತಿ ಕೂರುತ್ತಿದ್ದರು. ಇದನ್ನು ಚೀಟಿಯಮ್ಮ ಎಂದೋ ಗಮನಿಸಿದ್ದರು.

ಕೂಸು ಒಳಕೋಣೆಯಲ್ಲಿ ಮಲಗಿತ್ತು. ಮಗಳ ಮುಖ ಪರೀಕ್ಷೆಯ ಫಲಿತಾಂಶಕ್ಕೆ ಕಾದವರ ಹಾಗಿತ್ತು.

"ಹೇಳಿ ಬೀಗರೇ."

"ನಿಘಂಟಿನಲ್ಲಿ ಇಲ್ಲ," ಎಂದರು ಚೀಟಿಯಮ್ಮ. "ಯಾವ ಹಳೇ ಭಾಷೇಲೂ ಇಲ್ಲ. ಅದು ಆಸ್ಪತ್ರೆ ನೆಲ ಒರೆಸೋ ಗಾಡಿಯ ಚಕ್ರದ ಸದ್ದು."

ಅಳಿಯ ಎದ್ದು ಬಟ್ಟೆ ಹುಡುಕಿದ, ಎಲ್ಲವೂ ಮಡಚಿಯಾಗಿತ್ತು.

"ಕಸದ ಗಾಡಿ?" ಹೆಡ್‌ಮಿಸ್ ಸ್ವರ ಒಂದು ಮೆಟ್ಟಿಲು ಮೇಲೇರಿತು. "ನನ್ನ ಮೊಮ್ಮಗಳಿಗೆ? ಬೀಗರೇ, ನಿಮಗೆ ಗೊತ್ತಿಲ್ಲ. ಚಿಕ್ಕವಳಿದ್ದಾಗ ನನ್ನ ಹೆಸರಿಗೂ ಯಾರಿಗೂ ಅರ್ಥ ಗೊತ್ತಿರಲಿಲ್ಲ. ಅಪ್ಪ ಯಾವುದೋ ಹಳೇ ಹಾಡಲ್ಲಿ ಕೇಳಿ ಇಟ್ಟುಬಿಟ್ಟಿದ್ರು. ಕ್ಲಾಸಲ್ಲಿ ಮೇಷ್ಟ್ರು ದಿನಾ ನಿಲ್ಲಿಸಿ ಕೇಳೋರು, 'ಏನಮ್ಮ ಹಾಗಂದ್ರೆ? ತಿನ್ನೋದಾ, ಹೊದೆಯೋದಾ?' ಅಂತ. ಎಲ್ಲರೂ ನಗೋರು. ಕೆಲಸಕ್ಕೆ ಸೇರಿ ನಾಲ್ಕು ವರ್ಷ ಆದ ಮೇಲೆ ನಿಮ್ಮ ನಿಘಂಟು ಬಂತು. ಗ್ರಂಥಾಲಯದಲ್ಲಿ ನಿಂತ್ಕೊಂಡೇ ಆ ಪುಟ ಓದಿದೆ. ಅವತ್ತು ಮನೆವರೆಗೆ ನಡ್ಕೊಂಡು ಹೋದೆ, ಬಸ್ಸು ಹತ್ತೋದೇ ಮರೆತುಹೋಗಿತ್ತು. ಈ ಕೂಸನ್ನ ಯಾರಾದ್ರೂ ಹಾಗೆ ನಿಲ್ಲಿಸಿ ಕೇಳೋದು ನನಗೆ ಬೇಡ. ಅಷ್ಟೇ."

ಸೊಸೆ ಅತ್ತೆಯನ್ನು ಮೊದಲ ಸಲ ನೋಡುವವಳಂತೆ ನೋಡುತ್ತಿದ್ದಳು.

ಚೀಟಿಯಮ್ಮ ಮೆತ್ತಗೆ ಕೇಳಿದರು, "ಆ ಚಕ್ರದ ಸದ್ದು ನೀವೂ ಕೇಳಿರಬೇಕಲ್ಲ? ಹನ್ನೊಂದು ದಿನವೂ ಬೆಳಿಗ್ಗೆ ಫ್ಲಾಸ್ಕ್ ತಗೊಂಡು ಹೋಗ್ತಿದ್ರಿ."

"ಕೇಳದೆ ಏನು? ಎಣ್ಣೆ ಹಾಕಿ ಅಂತ ದೂರು ಕೊಟ್ಟೋಳೇ ನಾನು."

"ಎರಡು ಪುಟ. ಕೊನೆಗೆ ಗೆರೆ."

ಹೆಡ್‌ಮಿಸ್ ಮುಖದಲ್ಲಿ ಕಾಪಿ ಹೊಡೆದು ಸಿಕ್ಕಿಬಿದ್ದ ಹುಡುಗಿಯ ಛಾಯೆ ಸುಳಿಯಿತು. ಚೀಟಿಯಮ್ಮ ಕಂಡದ್ದನ್ನು ಕಂಡ ಹಾಗೆ ಹೇಳಿದರು: ಎಣ್ಣೆ ಬಿದ್ದದ್ದು, ಚಕ್ರ ಮೂಕವಾದದ್ದು, ಮಕ್ಕಳು ಅತ್ತದ್ದು, ಆಯಾ ಬಾಯಿಂದ ಹೇಳತೊಡಗಿದ್ದು. "ಅಲ್ಲೀವರೆಗೆ ಅದು ಬರೀ ಕಬ್ಬಿಣದ ಸದ್ದು. ಮನುಷ್ಯರ ಬಾಯಿಗೆ ಬಂದದ್ದು ನಿಮ್ಮ ದೂರಿನಿಂದ. ಪದ ಹುಟ್ಟಿಸಿದವರು ನೀವೇ ಬೀಗರೇ. ಇನ್ನು ಅರ್ಥ ನಾನು ಕೊಡೋ ಹಾಗಿಲ್ಲ. ಮೂರು ಬಾಯಿ ಬೇಕು. ನನ್ನ ಹತ್ರ ಇರೋದು ಎರಡೇ ಚೀಟಿ. ಸುಳ್ಳು ಹೇಳಲ್ಲ. ನಿಮ್ಮ ಮಾತಿನ ಪ್ರಕಾರ ನಾಳೆ ನೀವು ಹೇಳಿದ ಹೆಸರೇ ಬರೀಲಿ."

ಮಗಳು ತಟಕ್ಕನೆ ತಲೆ ಎತ್ತಿದಳು. "ಅಮ್ಮ!"

ಕೂಗಿಗೆ ಒಳಗಡೆ ಕೂಸು ಎಚ್ಚೆತ್ತಿತು. ಮೊದಲು ಒಂದು ಕುಂಯ್, ಆಮೇಲೆ ಪೂರ್ತಿ ರಾಗ. ಎಲ್ಲರೂ ಒಟ್ಟಿಗೆ ಅತ್ತ ಹೊರಡಲು ನೋಡಿದರು. ಆದರೆ ಅಳಿಯನ ಕಾಲು ಫೋನ್ ಚಾರ್ಜರಿನ ವೈರಿಗೆ ಸಿಕ್ಕಿತು, ಮಗಳು ಅವನನ್ನು ಹಿಡಿಯಲು ಹೋದಳು, ಚೀಟಿಯಮ್ಮನ ಡಬ್ಬಿ ಬಿದ್ದು ಚೀಟಿಗಳು ನೆಲದ ಪಾಲಾದವು. ಹೆಡ್‌ಮಿಸ್ ತಗ್ಗಿನ ಸೋಫಾದಲ್ಲಿ ಒಮ್ಮೆ ಹಿಂದೆ ತೂಗಿದರು, ಒಮ್ಮೆ ಮುಂದೆ ತೂಗಿದರು, ಮಂಡಿ ಬಿಡಲಿಲ್ಲ. ಒಳಗೆ ಅಳು ಏರುತ್ತಿತ್ತು. ಅವರ ಕತ್ತು ಒಳಬಾಗಿಲ ಕಡೆ ಉದ್ದವಾಯಿತು, ಬಾಯಿ ತಾನಾಗಿ ತೆರೆಯಿತು.

"ಲಿಯೂರೀ... ಲಿಯೂರೀ... ಬಂದೆ ಚಿನ್ನ, ಬಂದೆ, ಇಲ್ಲೇ ಇದ್ದೀನಿ!"

ಅಳು ನಿಂತಿತು.

ಹಾಜರಿ ಕೂಗಿ ಪಳಗಿದ ಗಂಟಲು. ಕೆಳಗಿನ ಮನೆಯವರಿಗೂ ಕೇಳಿಸಿರಬೇಕು. ಹೆಡ್‌ಮಿಸ್ ತಮ್ಮ ಬಾಯಿಯನ್ನು ತಾವೇ ಅಂಗೈಯಿಂದ ಮುಚ್ಚಿಕೊಂಡರು.

ಚೀಟಿ ಹೆಕ್ಕಲು ನೆಲದ ಮೇಲೆ ಕೂತಿದ್ದ ಚೀಟಿಯಮ್ಮ ಒಂದು ಖಾಲಿ ಚೀಟಿ ಎತ್ತಿಕೊಂಡು ಪೆನ್ಸಿಲಿನ ತುದಿಯನ್ನು ನಾಲಿಗೆಗೆ ತಾಗಿಸಿದರು. ಯಾರೂ ಕೇಳಿರಲಿಲ್ಲ. ತಾವಾಗಿ ಆಡಿದ್ದು. ಆಯಾಗೂ ಇವರಿಗೂ ಪರಿಚಯವಿಲ್ಲ. ಕಚೇರಿಯವರಂತೂ ಅಲ್ಲವೇ ಅಲ್ಲ. ವಾಕ್ಯ ಬರೆದರು, ಕೆಳಗೆ 'ಅಜ್ಜಿ, ಮಗುವಿನ ಮನೆ, ಗುರುವಾರ ಸಂಜೆ' ಎಂದು ಬರೆದರು. ಆಮೇಲೆ ಮೂರೂ ಚೀಟಿಗಳನ್ನು ಸೋಫಾದ ಮೇಲೆ ಸಾಲಾಗಿ ಇಟ್ಟು ಅಧಿಕೃತ ಸ್ವರದಲ್ಲಿ ಓದಿದರು.

"ಲಿಯೂರಿ. ಅಳುವವರಿಗೆ, ಯಾರೋ ಬರುತ್ತಿದ್ದಾರೆ ಎಂದು ತಿಳಿಸುವ ಮಾತು. ಒಬ್ಬಳೇ ಅಲ್ಲ ಎಂಬ ಭರವಸೆ."

ಮಗಳು ಒಳಗೆ ಹೋಗಿ ಕೂಸನ್ನು ಎತ್ತಿಕೊಂಡು ಬಂದು ಅತ್ತೆಯ ಮಡಿಲಿಗೆ ಹಾಕಿದಳು. ವಾಪಸ್ಸು ಹೋಗುವಾಗ ತಾಯಿಯ ಬೆನ್ನು ತಟ್ಟಿದಳು. ಈ ಸಲ ಮೆತ್ತಗೆ.

"ಮೋಸ," ಎಂದರು ಹೆಡ್‌ಮಿಸ್, ಆದರೆ ಧ್ವನಿ ಕೂಸಿಗೆ ತಕ್ಕಂತೆ ಸಣ್ಣದಾಗಿತ್ತು. ಸ್ವಲ್ಪ ಹೊತ್ತಿನ ಮೇಲೆ ಚೀಟಿಗಳನ್ನು ನೋಡುತ್ತ ಕೇಳಿದರು, "ನನ್ನ ಹೆಸರಿಗೂ ಹೀಗೇ ಮೂರು ಚೀಟಿ ಇದ್ವಾ ಬೀಗರೇ?"

ಆ ಮದುವೆಯ ಮಾತುಕತೆಯಿಂದ ಹಿಡಿದು ಆರು ವರ್ಷ ಚೀಟಿಯಮ್ಮ ಹೆದರುತ್ತ ಬಂದ ಪ್ರಶ್ನೆ ಇದೇ. ಇದ್ದವು ಎಂದರೆ ಮುಗಿಯುತ್ತಿತ್ತು. ಅವರು ನೆಲದಿಂದ ಎದ್ದು, ಡಬ್ಬಿಯ ಅಡಿಯಲ್ಲಿ ಮಡಚಿಟ್ಟಿದ್ದ ಒಂದು ಲಕೋಟೆ ತೆಗೆದರು.

"ಆಗ ಒಂದೂ ಇರಲಿಲ್ಲ," ಎಂದರು. "ಚೀಟಿ ಕಳೆದುಹೋಗಿತ್ತು. ಶನಿವಾರ ಮಧ್ಯಾಹ್ನ ನಾನೇ ಊಹೆ ಮಾಡಿ ಬರೆದೆ. ತಪ್ಪು ನನ್ನದು. ಆದ್ರೆ ಈಗ ಇವೆ. ನಿಮ್ಮನ್ನ ನೋಡಿದ ದಿನದಿಂದ ಕೂಡಿಸ್ತಾ ಬಂದೆ."

ಮೊದಲ ಚೀಟಿ ಹೆಡ್‌ಮಿಸ್ ಯಜಮಾನರದು. ಬದುಕಿರುವವರೆಗೂ ಅವರು ದಿನಾ ಬೆಳಿಗ್ಗೆ ಕಿಟಕಿಯ ಪರದೆ ಸರಿಸಿ ಹೆಂಡತಿಯ ಹೆಸರು ಕೂಗಿ, "ಎರಡೂ ಬಂದವು, ಹೊರಗಿನದೂ ಒಳಗಿನದೂ," ಎನ್ನುತ್ತಿದ್ದರಂತೆ, ಹೇಳಿದವನು ಮಗ. ಎರಡನೆಯದು ಶಾಲೆಯ ಮಕ್ಕಳದು. ನಿವೃತ್ತಿಯ ದಿನ ಕರಿಹಲಗೆಯ ಮೇಲೆ ಸೂರ್ಯ ಹುಟ್ಟುವ ಚಿತ್ರ ಬರೆದು ಕೆಳಗೆ ಆ ಹೆಸರೊಂದನ್ನೇ ಬರೆದಿದ್ದರು, ಫೋಟೋ ಇತ್ತು. ಮೂರನೆಯದು ಪಿಂಚಣಿ ಬ್ಯಾಂಕಿನ ಗುಮಾಸ್ತೆಯದು. ನಸುಕಿನಲ್ಲಿ ಹುಟ್ಟಿದ ಮಗಳಿಗೆ ಅದೇ ಹೆಸರಿಟ್ಟಿದ್ದಳು.

ಹೆಡ್‌ಮಿಸ್ ಮೂರನ್ನೂ ಓದಿದರು. ಮೊದಲನೆಯದನ್ನು ಎರಡು ಸಲ ಓದಿದರು. ಕನ್ನಡಕ ತೆಗೆದು ಕೂಸಿನ ಬಟ್ಟೆಯ ತುದಿಯಲ್ಲಿ ಒರೆಸಿಕೊಂಡರು.

"ಶನಿವಾರ ಮಧ್ಯಾಹ್ನ," ಎಂದರು ಕೊನೆಗೆ. "ಊಟ ಆಗಿತ್ತೋ ಇಲ್ವೋ?"

"ಆಗಿರಲಿಲ್ಲ."

"ಹಸಿದ ಹೊಟ್ಟೇಲಿ ಬರೆದಿದ್ದಕ್ಕೆ ಪರವಾಗಿಲ್ಲ. ಪಾಸು."

ಅಳಿಯ ಇದೇ ಸಮಯವೆಂದು ಫಾರ್ಮ್ ತಂದು ಮೇಜಿನ ಮೇಲಿಟ್ಟ. ಹೆಡ್‌ಮಿಸ್ ಅದನ್ನು ಮೇಲಿನಿಂದ ಕೆಳಗೆ, ತಿರುವಿ ಹಾಕಿ ಹಿಂದೆಯೂ ನೋಡಿದರು. "ಅರ್ಥ ಎಲ್ಲಿ ಬರೀಬೇಕು?"

"ಅರ್ಥಕ್ಕೆ ಜಾಗ ಇಲ್ಲಮ್ಮ. ಬರೀ ಹೆಸರು, ಹುಟ್ಟಿದ ದಿನ, ಅಪ್ಪ, ಅಮ್ಮ."

"ಇಲ್ವಾ?" ಅವರ ಬೆನ್ನು ನೆಟ್ಟಗಾಯಿತು, ಉಳಿದವರದೂ ಆಯಿತು. "ಹೆಸರು ಕೇಳ್ತಾರೆ, ಅರ್ಥ ಕೇಳಲ್ವಾ? ಎಂಥ ಕಚೇರಿ ಇದು? ಒಂದು ದೂರು ಬರೀಬೇಕು. ಪೇಪರ್ ಕೊಡು."

"ಬರೀರಿ ಬರೀರಿ," ಎಂದರು ಚೀಟಿಯಮ್ಮ, ಚೀಟಿಗಳನ್ನು ಒಂದೊಂದಾಗಿ ಡಬ್ಬಿಗೆ ಸೇರಿಸುತ್ತ. "ನಿಮ್ಮ ದೂರಿನಿಂದ ಏನು ಹುಟ್ಟುತ್ತೋ ಯಾರು ಕಂಡಿದ್ದಾರೆ."

ಹೆಡ್‌ಮಿಸ್ ಮಡಿಲಿನ ಕೂಸನ್ನು ಎಡಗೈಯಲ್ಲಿ ಆನಿಸಿಕೊಂಡು ಬಲಗೈಯಲ್ಲಿ ಪೆನ್ನು ಹಿಡಿದರು. ಕೂಸು ಮುಖ ಕಿವುಚಿ ರಾಗಕ್ಕೆ ಅಣಿಯಾಯಿತು. ಅವರು ಬರೆಯುವುದನ್ನು ನಿಲ್ಲಿಸದೆ, ತಲೆಯನ್ನೂ ಎತ್ತದೆ, ಚಕ್ರದ ಸದ್ದು ಮಾಡಿದರು.